ತೊಗರಿಗೆ ಹುಳ ಬೀಳದಂತೆ ಮೂರು ಪದರದ ಚೀಲ ಕಟ್ಟುವುದು ಹೇಗೆ?

ಕಲಬುರಗಿ ಸೀಮೆಯಲ್ಲಿ ಜನವರಿ ಹೊತ್ತಿಗೆ ತೊಗರಿ ರಾಶಿ ಜೋರಾಗಿರುತ್ತದೆ. ಎಲ್ಲರ ಮಾಲೂ ಒಂದೇ ಸಲ ಎಪಿಎಂಸಿಗೆ ಬರುತ್ತದೆ, ದರ ಇಳಿಯುತ್ತದೆ. ತಡೆದು ಮಾರೋಣ ಎಂದರೆ ಸಾಲ ಕೊಟ್ಟವರು ಕಾಯುವುದಿಲ್ಲ. ಸಾಲ ಇಲ್ಲದವರಿಗೂ ಇಟ್ಟುಕೊಳ್ಳಲು ಹೆದರಿಕೆ, ಯಾಕೆಂದರೆ ಯುಗಾದಿ ದಾಟುವಷ್ಟರಲ್ಲಿ ಚೀಲಕ್ಕೆ ಹುಳ ಬಿದ್ದಿರುತ್ತದೆ. ಹೀಗಾಗಿ ಇದ್ದದ್ದೆಲ್ಲ ಮಾರಿ, ಮಳೆಗಾಲದಲ್ಲಿ ಕಿರಾಣಿ ಅಂಗಡಿಯಿಂದ ಬೇಳೆ ತರುವ ಮನೆಗಳು ತೊಗರಿ ಕಣಜ ಅನ್ನಿಸಿಕೊಂಡ ನಾಡಿನಲ್ಲೇ ಇವೆ. ಬೆಳೆದವರ ಮನೆಯಲ್ಲೇ ಬೇಳೆಗೆ ತತ್ವಾರ ಆಗಬಾರದು, ಅಲ್ವಾ? ಸಾಲದ ಕಷ್ಟ ಬೇರೆ ಮಾತು. ಹುಳದ ಕಾಟಕ್ಕಂತೂ ಉಪಾಯ ಇದೆ, ಅದೂ ವಿಷ ಮುಟ್ಟದೆ.

ಹುಳ ಬರುವುದು ಎಲ್ಲಿಂದ?

ಒಂದು ಹಿಡಿ ಕಾಳನ್ನು ಬಿಸಿಲಿಗೆ ಹಿಡಿದು ನೋಡಿ. ಮೇಲೆ ಸಣ್ಣ ಬಿಳಿ ಚುಕ್ಕೆಗಳು ಅಂಟಿಕೊಂಡಿದ್ದರೆ ಅವು ಮೊಟ್ಟೆ. ಮರಿಹುಳ ಹೊರಗೆ ಬಂದು ಓಡಾಡುವುದೇ ಇಲ್ಲ. ಮೊಟ್ಟೆಯ ಅಡಿಯಿಂದಲೇ ನೇರ ಕಾಳಿನೊಳಗೆ ಕೊರೆಯುತ್ತದೆ, ಅಲ್ಲೇ ತಿಂದು ಬೆಳೆಯುತ್ತದೆ, ದುಂಡನೆಯ ತೂತು ಮಾಡಿಕೊಂಡು ದುಂಬಿಯಾಗಿ ಹೊರಬೀಳುತ್ತದೆ. ಬೇಸಿಗೆಯಲ್ಲಿ ಇಷ್ಟಕ್ಕೆ ಸುಮಾರು ಒಂದು ತಿಂಗಳು ಸಾಕು. ಹೊರಬಿದ್ದ ಒಂದೊಂದು ಹೆಣ್ಣೂ ಮತ್ತೆ ಹತ್ತಾರು ಮೊಟ್ಟೆ ಇಡುತ್ತದೆ. ಹೊಲದಲ್ಲಿ ಕಾಯಿ ಬಲಿಯುವಾಗಲೇ ಮೊದಲ ಮೊಟ್ಟೆ ಬಿದ್ದಿರಬಹುದು. ಮನೆ ಎಷ್ಟೇ ಚೊಕ್ಕ ಇಟ್ಟರೂ ಹುಳ ಕಾಳಿನ ಜೊತೆಗೇ ಒಳಗೆ ಬಂದಿರುತ್ತದೆ.

ಇದಕ್ಕೆ ಹೆದರಿ ಹಲವರು ಚೀಲದಲ್ಲಿ ಅಲ್ಯೂಮಿನಿಯಂ ಫಾಸ್ಫೈಡ್ ಗುಳಿಗೆ ಇಡುತ್ತಾರೆ. ದಯವಿಟ್ಟು ಬೇಡ. ಅದರಿಂದ ಬರುವ ಫಾಸ್ಫೀನ್ ಗಾಳಿ ಹುಳವನ್ನಷ್ಟೇ ಅಲ್ಲ, ಪಕ್ಕದಲ್ಲಿ ಮಲಗಿದ ಮಕ್ಕಳನ್ನೂ ಕೊಲ್ಲುತ್ತದೆ. ಮನುಷ್ಯರು ಮಲಗುವ ಮನೆಯಲ್ಲಿ ಇಡುವ ವಸ್ತು ಅದಲ್ಲವೇ ಅಲ್ಲ.

ಹಗೇವಿನ ಗುಟ್ಟು

ನಮ್ಮ ಹಿರಿಯರು ಜೋಳವನ್ನು ಹಗೇವಿನಲ್ಲಿ ಇಡುತ್ತಿದ್ದರು. ನೆಲದೊಳಗಿನ ಗುಂಡಿಗೆ ಸುತ್ತ ಜೋಳದ ದಂಟು, ಹುಲ್ಲು ಒತ್ತಿ, ಕಾಳು ತುಂಬಿ, ಬಾಯಿಗೆ ಕಲ್ಲಿಟ್ಟು ಮಣ್ಣು ಮೆತ್ತಿದರೆ ಗಾಳಿ ಆಡುತ್ತಿರಲಿಲ್ಲ. ಒಳಗಿನ ಆಮ್ಲಜನಕ ಮುಗಿದು ಹುಳ ಸಾಯುತ್ತಿದ್ದವು. ಹಗೇವು ತೆಗೆದ ತಕ್ಷಣ ಯಾರೂ ಇಳಿಯುತ್ತಿರಲಿಲ್ಲ. ಮೊದಲು ದೀಪ ಇಳಿಬಿಡುತ್ತಿದ್ದರು. ದೀಪ ಆರಿದರೆ ಇನ್ನೂ ಕಾಯಬೇಕು ಎಂದರ್ಥ.

ಇದೇ ತತ್ವದ ಮೇಲೆ ಆಫ್ರಿಕಾದ ಕ್ಯಾಮರೂನ್‌ನಲ್ಲಿ 1980ರ ದಶಕದ ಕೊನೆಗೆ ಕೆಲಸ ಶುರುವಾಯಿತು. ಅಲ್ಲಿಯ ರೈತರಿಗೆ ಅಲಸಂದೆಯ ಹುಳದ ಕಾಟ. ಅಮೆರಿಕದ ಪರ್ಡ್ಯೂ ವಿಶ್ವವಿದ್ಯಾಲಯದ ಕೀಟಶಾಸ್ತ್ರಜ್ಞ ಲ್ಯಾರಿ ಮರ್ಡಾಕ್ ಮತ್ತು ಕ್ಯಾಮರೂನಿನ ಸಂಶೋಧಕರು ಸೇರಿ ಮೂರು ಪದರದ ಚೀಲ ರೂಪಿಸಿದರು. ಈಗ ಅದರ ಹೆಸರು ಪಿಕ್ಸ್ ಚೀಲ. ಒಳಗೆ ದಪ್ಪನೆಯ ಎರಡು ಪ್ಲಾಸ್ಟಿಕ್ ಚೀಲ, ಹೊರಗೆ ಗೊಬ್ಬರದ ಚೀಲದಂಥ ನೇಯ್ದ ಚೀಲ. ಒಳಗಿನ ಹುಳಗಳು ತಾವೇ ಉಸಿರಾಡಿ ಕೆಲವೇ ದಿನಗಳಲ್ಲಿ ಆಮ್ಲಜನಕ ಖಾಲಿ ಮಾಡುತ್ತವೆ. ಆಮೇಲೆ ಏನಾಗುತ್ತದೆ ಎಂಬುದನ್ನು ಮರ್ಡಾಕ್ ತಂಡ 2012ರಲ್ಲಿ ಪ್ರಕಟಿಸಿತು. ಈ ಹುಳ ನೀರು ಕುಡಿಯುವುದಿಲ್ಲ. ತಿಂದ ಕಾಳಿನಿಂದಲೇ ಮೈಗೆ ಬೇಕಾದ ನೀರು ಮಾಡಿಕೊಳ್ಳುತ್ತದೆ, ಅದಕ್ಕೆ ಆಮ್ಲಜನಕ ಬೇಕೇ ಬೇಕು. ಅದು ಸಿಗದಿದ್ದರೆ ತಿನ್ನುವುದು ನಿಲ್ಲಿಸಿ, ಮೈ ಒಣಗಿ ಸಾಯುತ್ತದೆ.

ಮೊದಲ ಕೆಲಸ: ಒಣಗಿಸುವುದು

ಎಲ್ಲಕ್ಕಿಂತ ಮುಖ್ಯ ಇದೇ. ಹಸಿ ಕಾಳನ್ನು ಗಾಳಿ ಆಡದ ಚೀಲಕ್ಕೆ ಹಾಕಿದರೆ ಹುಳ ಹೋಗಿ ಬೂಸ್ಟು ಬರುತ್ತದೆ, ಬೂಸ್ಟು ಹಿಡಿದ ಕಾಳು ಉಣ್ಣಲೂ ಬಾರದು, ಬಿತ್ತಲೂ ಬಾರದು. ರಾಶಿ ಆದ ಮೇಲೆ ತಾಡಪತ್ರಿಯ ಮೇಲೆ ತೆಳ್ಳಗೆ ಹರಡಿ, ಎರಡು ಮೂರು ದಿನ ಒಳ್ಳೆ ಬಿಸಿಲು ಕೊಡಿ, ನಡುನಡುವೆ ಕೈಯಾಡಿಸಿ. ಹಲ್ಲಿನಿಂದ ಕಚ್ಚಿದರೆ ಕಟ್ ಎಂದು ಒಡೆಯಬೇಕು. ಹಲ್ಲಿನ ಗುರುತು ಮೂಡಿ ಮೆತ್ತಗೆ ಅನ್ನಿಸಿದರೆ ಇನ್ನೂ ಒಣಗಬೇಕು. ಉಪ್ಪಿನ ಪರೀಕ್ಷೆಯೂ ಇದೆ: ಒಣ ಬಾಟಲಿಗೆ ಒಂದಿಷ್ಟು ಕಾಳು, ಒಂದು ಚಮಚ ಒಣ ಉಪ್ಪು ಹಾಕಿ ಅಲ್ಲಾಡಿಸಿ ಇಡಿ. ಸ್ವಲ್ಪ ಹೊತ್ತಿನ ಮೇಲೆ ಉಪ್ಪು ಗೋಡೆಗೆ ಅಂಟಿದ್ದರೆ ತೇವ ಜಾಸ್ತಿ ಇದೆ. ಅಂಟಲಿಲ್ಲ ಎಂದ ಮಾತ್ರಕ್ಕೆ ಸಾಕು ಅಂದುಕೊಳ್ಳಬೇಡಿ, ಕಚ್ಚಿಯೂ ನೋಡಿ. ತೇವ ಅಳೆಯುವ ಯಂತ್ರ ಸಿಕ್ಕರೆ ಊಟದ ತೊಗರಿಗೆ ಶೇ 10ರೊಳಗೆ, ಬಿತ್ತನೆ ಬೀಜಕ್ಕೆ ಶೇ 8ರ ಆಸುಪಾಸು ಇರಲಿ.

ಬೀದರ್ ಕಡೆಯ ಉದ್ದು, ಹೆಸರಿಗೆ ಈ ಮಾತು ಇನ್ನೂ ಹೆಚ್ಚು ಸಲ್ಲುತ್ತದೆ. ಅವು ಮಳೆಗಾಲದಲ್ಲೇ ರಾಶಿಗೆ ಬರುತ್ತವೆ. ಬಿಸಿಲು ಸಿಗುವವರೆಗೆ ಚೀಲ ಕಟ್ಟುವ ಆತುರ ಬೇಡ.

ಒಣಗಿದ ಕಾಳನ್ನು ನೆರಳಿನಲ್ಲಿ ಆರಿಸಿ. ಬಿಸಿ ಬಿಸಿಯಾಗಿ ತುಂಬಿದರೆ ಒಳಗೆ ಬೆವರುತ್ತದೆ. ಆಮೇಲೆ ಮೊರದಲ್ಲಿ ಕೇರಿ ಕಡ್ಡಿ, ಕಲ್ಲು, ಕಾಯಿಯ ಸಿಪ್ಪೆ ತೆಗೆಯಿರಿ. ಒಂದು ಚೂಪು ಕಡ್ಡಿ ಸಾಕು ಪ್ಲಾಸ್ಟಿಕ್ ತೂತಾಗಲು.

ತುಂಬುವುದು, ಕಟ್ಟುವುದು

ಎರಡೂ ಒಳಚೀಲಕ್ಕೆ ಗಾಳಿ ತುಂಬಿ, ಬಾಯಿ ಹಿಡಿದು ಒತ್ತಿ ನೋಡಿ. ಸುಯ್ ಎಂದು ಗಾಳಿ ಹೋದರೆ ಆ ಚೀಲ ಬೇಡ. ನೇಯ್ದ ಚೀಲದೊಳಗೆ ಒಂದು ಪ್ಲಾಸ್ಟಿಕ್ ಚೀಲ, ಅದರೊಳಗೆ ಇನ್ನೊಂದು ಇಳಿಸಿ. ಕಾಳು ಹಾಕುತ್ತ ನಡುವೆ ಚೀಲವನ್ನು ಕುಲುಕಿ, ಮೂಲೆಗಳಿಗೆಲ್ಲ ಕಾಳು ಕೂರುವಂತೆ ಮಾಡಿ. ಅರ್ಧ ಚೀಲ ಕಟ್ಟಿಡಬೇಡಿ, ಖಾಲಿ ಜಾಗ ಇದ್ದಷ್ಟೂ ಹುಳಕ್ಕೆ ಉಸಿರು ಸಿಗುತ್ತದೆ. ಮೇಲೆ ಕಟ್ಟಲು ಒಂದಡಿಯಷ್ಟು ಬಾಯಿ ಬಿಡಿ.

ಕಟ್ಟುವಾಗ ಅವಸರ ಬೇಡ. ಒಳಗಿನ ಚೀಲದ ಬಾಯನ್ನು ಅಂಗೈಯಿಂದ ಒತ್ತಿ ಗಾಳಿ ತೆಗೆದು, ಕಾಳಿಗೆ ಹತ್ತಿಕೊಂಡಂತೆ ಬಿಗಿಯಾಗಿ ತಿರುಚಿ, ಮಡಚಿ, ಸುತಳಿಯಿಂದ ಗಟ್ಟಿ ಕಟ್ಟಿ. ಎರಡನೆಯದನ್ನೂ ಹೀಗೇ ಬೇರೆಯಾಗಿ ಕಟ್ಟಿ. ಕೊನೆಗೆ ಹೊರಚೀಲ. ಮೂರನ್ನೂ ಸೇರಿಸಿ ಒಂದೇ ಗಂಟು ಹಾಕಿದರೆ ಪ್ರಯೋಜನ ಇಲ್ಲ. ಕಟ್ಟಿದ ತಾರೀಖನ್ನು ಚೀಲದ ಮೇಲೆ ಬರೆದಿಡಿ.

ಸಿದ್ಧ ಚೀಲ ಸಿಗದಿದ್ದರೆ ಬಿಗಿ ಮುಚ್ಚಳದ ಪ್ಲಾಸ್ಟಿಕ್ ಡ್ರಮ್ ಆಗುತ್ತದೆ. ಸೆನೆಗಲ್ ದೇಶದ ರೈತರು ಅಲಸಂದೆಯನ್ನು ಕಬ್ಬಿಣದ ಡ್ರಮ್ಮಿನಲ್ಲಿ ಹೀಗೇ ಇಡುತ್ತಾರೆ. ಸ್ವಲ್ಪವೇ ಬೀಜ ಇದ್ದರೆ ಚೆನ್ನಾಗಿ ತೊಳೆದು ಒಣಗಿಸಿದ ಎಣ್ಣೆ ಕ್ಯಾನ್ ಸಾಕು. ಯಾವುದೇ ಇರಲಿ, ಬಾಯಿವರೆಗೆ ತುಂಬಬೇಕು.

ಇಟ್ಟ ಮೇಲೆ

ಹಲಗೆಯ ಮೇಲೆ, ಗೋಡೆಗೆ ತಾಗದಂತೆ, ಬಿಸಿಲು ಬೀಳದ ಕಡೆ ಇಡಿ. ಇಲಿಯ ಮೇಲೆ ಕಣ್ಣಿರಲಿ. ಈ ಚೀಲ ಹುಳವನ್ನು ತಡೆಯುತ್ತದೆ, ಇಲಿಯನ್ನಲ್ಲ. ಕನಿಷ್ಠ ಎರಡು ತಿಂಗಳು ಬಿಚ್ಚಬೇಡಿ. ಸುಮ್ನೆ ನೋಡೋಣ ಎಂದು ತೆಗೆದರೂ ಹೊಸ ಗಾಳಿ ಒಳಗೆ ಹೋಗಿ, ಉಳಿದ ಹುಳ ಚೇತರಿಸಿಕೊಳ್ಳುತ್ತವೆ. ಅದಕ್ಕೇ ದಿನಬಳಕೆಯ ಕಾಳನ್ನು ಬೇರೆ ಡಬ್ಬಿಯಲ್ಲಿಡಿ. ದೊಡ್ಡ ಚೀಲ ತೆಗೆದಾಗ ತಿಂಗಳಿಗಾಗುವಷ್ಟು ಒಮ್ಮೆಗೇ ತೆಗೆದು, ಉಳಿದದ್ದನ್ನು ಗಾಳಿ ಒತ್ತಿ ಆಗಲೇ ಕಟ್ಟಿಬಿಡಿ.

ತೂತು ಬೀಳದಿದ್ದರೆ ಚೀಲ ಎರಡು ಮೂರು ಹಂಗಾಮಿಗೆ ಬರುತ್ತದೆ. ಜೋಳ, ಕಡಲೆಗೂ ಇದೇ ಕ್ರಮ.

ಬಿತ್ತನೆಗೆಂದು ಇಟ್ಟ ಬೀಜವನ್ನು ಜೂನ್‌ಗೆ ಮೊದಲೇ ಪರೀಕ್ಷಿಸಿ. ನೂರು ಕಾಳು ಎಣಿಸಿ, ಒದ್ದೆ ಗೋಣಿಚೀಲದಲ್ಲಿ ಸಾಲಾಗಿ ಇಟ್ಟು ಸುತ್ತಿ, ದಿನಾ ನೀರು ಚಿಮುಕಿಸಿ. ಐದಾರು ದಿನಕ್ಕೆ ಬಿಚ್ಚಿ ಎಣಿಸಿ. ಪ್ರಮಾಣಿತ ತೊಗರಿ ಬೀಜ ನೂರಕ್ಕೆ ಕನಿಷ್ಠ 75 ಮೊಳೆಯಬೇಕು ಎಂಬುದು ನಿಯಮ. ನಿಮ್ಮದು ಅದಕ್ಕಿಂತ ಕಡಿಮೆ ಬಂದರೆ ಅದನ್ನು ಬೇಳೆಗೆ ಬಿಡಿ, ಬಿತ್ತನೆಗೆ ಬೇರೆ ಬೀಜ ಹುಡುಕಲು ಇನ್ನೂ ಸಮಯ ಇರುತ್ತದೆ.