ಪ್ರಮಾಣಪತ್ರದ ದಿನಾಂಕವಲ್ಲ, ಫಲಿತಾಂಶದ ದಿನಾಂಕ: ಬೆರಳಚ್ಚು ಹುದ್ದೆಯ ಒಂದು ಪ್ರಕರಣ

ವಿದ್ಯಾರ್ಹತೆಯ ತಕರಾರಿನಿಂದ ಹುದ್ದೆ ಕಳೆದುಕೊಂಡು ನನ್ನ ಬಳಿಗೆ ಬಂದ ಮೊದಲ ಐದಾರು ಕಕ್ಷಿದಾರರಲ್ಲಿ ಒಬ್ಬರನ್ನೂ ನಾನು ಗೆಲ್ಲಿಸಲಿಲ್ಲ. ಅವರಲ್ಲೊಬ್ಬನಿಗೆ ಕಂಪ್ಯೂಟರ್ ಡಿಪ್ಲೊಮಾ ಇತ್ತು, ಅಧಿಸೂಚನೆ ಕೇಳಿದ್ದ ಪ್ರೌಢ ದರ್ಜೆಯ ಬೆರಳಚ್ಚು ಇರಲಿಲ್ಲ. ಹೆಚ್ಚಿನ ಅರ್ಹತೆಯೊಳಗೆ ಕಡಿಮೆಯದು ಅಡಗಿಯೇ ಇದೆ ಎಂದು, ಕೇರಳ ಲೋಕಸೇವಾ ಆಯೋಗದ ವಿರುದ್ಧದ 2010ರ ತೀರ್ಪನ್ನು ಹಿಡಿದು ಅರ್ಧ ಗಂಟೆ ವಾದಿಸಿದೆ. ಸರ್ಕಾರಿ ವಕೀಲರು 2018ರ ಜಹೂರ್ ಅಹ್ಮದ್ ರಾಥರ್ ತೀರ್ಪನ್ನು ತೆಗೆದು, ಕೇರಳದ ತೀರ್ಪು ಅಲ್ಲಿನ ನಿಯಮದಲ್ಲೇ ಇದ್ದ ಉಪಬಂಧದ ಮೇಲೆ ನಿಂತದ್ದೆಂದೂ ತತ್ಸಮಾನತೆಯ ತೀರ್ಮಾನ ನ್ಯಾಯಾಲಯದ ಕೆಲಸವಲ್ಲವೆಂದೂ ತೋರಿಸಿ ಐದೇ ನಿಮಿಷದಲ್ಲಿ ಕುಳಿತುಕೊಂಡರು. ಇನ್ನೊಂದು ಅರ್ಜಿಯಲ್ಲಿ ಆಯ್ಕೆಯಾದವರನ್ನು ಪ್ರತಿವಾದಿಗಳಾಗಿ ಸೇರಿಸದೆ ಹೋದೆ. ಅದು ಆ ಕಾರಣಕ್ಕೇ ಬಿತ್ತು. ಮತ್ತೊಂದನ್ನು, ಸರ್ಕಾರಿ ಸೇವೆಯ ತಕರಾರು ಮೊದಲು ಆಡಳಿತ ನ್ಯಾಯಮಂಡಳಿಗೇ ಹೋಗಬೇಕೆಂಬ 1997ರ ಎಲ್. ಚಂದ್ರಕುಮಾರ್ ತೀರ್ಪು ಗೊತ್ತಿದ್ದೂ, ನೋಡೋಣವೆಂದು ನೇರವಾಗಿ ಹೈಕೋರ್ಟಿಗೆ ಒಯ್ದು ಎಂಟು ತಿಂಗಳು ಕಳೆದೆ. ಜಿಲ್ಲಾ ನ್ಯಾಯಾಲಯದ ಬೆರಳಚ್ಚುಗಾರರ ಹುದ್ದೆಯಾಗಿದ್ದರೆ ಮಾತು ಬೇರೆ. ಅಧೀನ ನ್ಯಾಯಾಲಯಗಳ ನೌಕರರು 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ ವ್ಯಾಪ್ತಿಗೇ ಬರುವುದಿಲ್ಲ.

ಶಿರಾ ಕಡೆಯ ಹೆಣ್ಣುಮಗಳೊಬ್ಬರು ಒಂದು ಇಲಾಖೆಯ ಹಿಂಬರಹ, ಅಂದರೆ ತಿರಸ್ಕಾರದ ಲಿಖಿತ ಉತ್ತರ, ಹಿಡಿದು ಬಂದಾಗ ನಾನು ದಾರಿ ಬದಲಿಸಿದೆ. ಅವರು ಪ್ರೌಢ ದರ್ಜೆಯ ಕನ್ನಡ ಬೆರಳಚ್ಚು ಪರೀಕ್ಷೆಯಲ್ಲಿ ತೇರ್ಗಡೆಯಾಗಿದ್ದರು. ಆದರೆ ಪ್ರಮಾಣಪತ್ರದ ಮೇಲಿನ ದಿನಾಂಕ ಅರ್ಜಿಯ ಕೊನೆಯ ದಿನದಿಂದ ಸುಮಾರು ಎರಡು ತಿಂಗಳು ಆಚೆಗಿತ್ತು. ದಾಖಲೆ ಪರಿಶೀಲನೆಯಲ್ಲಿ ಅದನ್ನೇ ನೋಡಿ ಅನರ್ಹರೆಂದು ಬರೆದುಬಿಟ್ಟಿದ್ದರು. ನನ್ನ ಹಿರಿಯರು ಕಡತವನ್ನು ತಿರುವಿ ಹಾಕಿ, "ಇದರಲ್ಲಿ ಏನೂ ಇಲ್ಲ ಕಣಯ್ಯಾ, ಅಶೋಕ್ ಕುಮಾರ್ ಶರ್ಮಾ ತೀರ್ಪು ಓದಿ ಮುಗಿಸಿಬಿಡುತ್ತಾರೆ" ಎಂದರು.

ಅರ್ಜಿಯ ಕೊನೆಯ ದಿನಕ್ಕೆ ಅರ್ಹತೆ ಇರಲೇಬೇಕು ಎನ್ನುವ ಆ ತೀರ್ಪನ್ನೇ ನಾನು ಮತ್ತೆ ಓದಿದೆ. ಜಮ್ಮು ಕಾಶ್ಮೀರದ ಎಂಜಿನಿಯರ್ ಹುದ್ದೆಗಳ ಆ ಪ್ರಕರಣದಲ್ಲಿ ಅರ್ಜಿಯ ಕೊನೆಯ ದಿನ 1982ರ ಜುಲೈ 15, ಫಲಿತಾಂಶ ಬಂದದ್ದು ಆಗಸ್ಟ್‌ನಲ್ಲಿ. 1993ರಲ್ಲಿ ಬಹುಮತದಿಂದ ಅಭ್ಯರ್ಥಿಗಳ ಪರ ಬಂದದ್ದನ್ನು 1997ರ ಪುನರ್‌ವಿಮರ್ಶೆಯಲ್ಲಿ ಸರ್ವೋಚ್ಚ ನ್ಯಾಯಾಲಯ ತಿರುಗಿಸಿತು. ಅಲ್ಲಿ ಅಭ್ಯರ್ಥಿಗಳನ್ನು ಮುಳುಗಿಸಿದ್ದು ಫಲಿತಾಂಶದ ದಿನಾಂಕ. ಪ್ರಮಾಣಪತ್ರದ ದಿನಾಂಕದ ಮೇಲೆ ಆ ತೀರ್ಪು ನಿಂತಿಲ್ಲ. ಅರ್ಹತೆ ಬೇರೆ, ಅದರ ಪುರಾವೆ ಬೇರೆ ಎಂದು 1980ರ ಚಾರ್ಲ್ಸ್ ಸ್ಕಾರಿಯಾ ಪ್ರಕರಣದಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಹೇಳಿಯಾಗಿದೆ. ಇಷ್ಟನ್ನು ವಾದವಾಗಿ ಹೇಳಿದ್ದರೆ ಮತ್ತೆ ಸೋಲುತ್ತಿದ್ದೆ; ಇದು ಕಾಗದದ ಮೇಲೆ, ಅದೂ ಪರೀಕ್ಷೆ ನಡೆಸಿದವರ ಕೈಯಿಂದಲೇ ಬರಬೇಕಿತ್ತು.

ಅದಕ್ಕಾಗಿ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ (ಕೆಎಟಿ) ಹೋಗುವ ಮೊದಲು ಹತ್ತು ರೂಪಾಯಿಯ ಪೋಸ್ಟಲ್ ಆರ್ಡರ್ ಲಗತ್ತಿಸಿ ಮಾಹಿತಿ ಹಕ್ಕಿನ ಅರ್ಜಿ ಹಾಕಿಸಿದೆ. ಕರ್ನಾಟಕದ ನಿಯಮದಂತೆ ಒಂದೇ ವಿಷಯ, ನೂರೈವತ್ತು ಪದ. ಮೊದಲ ಅರ್ಜಿಗೆ "ಪ್ರಮಾಣಪತ್ರದಲ್ಲಿ ನಮೂದಿಸಿರುವಂತೆ" ಎಂಬ ನಿರುಪಯುಕ್ತ ಉತ್ತರ ಬಂತು. ಎರಡನೆಯದರಲ್ಲಿ ಪ್ರಶ್ನೆಯನ್ನು ಮೂರೇ ಸಾಲಿಗೆ ಇಳಿಸಿ, ದಿನಾಂಕವಲ್ಲದೆ ಬೇರೆ ಉತ್ತರ ಕೊಡಲಾಗದಂತೆ ಕಟ್ಟಿದೆ. ಆ ಮೂರು ಸಾಲುಗಳನ್ನು ಇಲ್ಲಿ ಬರೆಯುವುದಿಲ್ಲ, ಅವು ಈಗ ನನ್ನ ಕಚೇರಿಯ ಬಂಡವಾಳ. ಉತ್ತರದಲ್ಲಿ ಫಲಿತಾಂಶ ಪ್ರಕಟವಾದ ದಿನ ಸಿಕ್ಕಿತು: ಕೊನೆಯ ದಿನಕ್ಕಿಂತ ಹನ್ನೊಂದೋ ಹನ್ನೆರಡೋ ದಿನ ಮೊದಲು.

ಅದೇ ಸಮಯದಲ್ಲಿ, ಅವರೊಡನೆ ಬೆರಳಚ್ಚು ಕಲಿತು ಬೇರೆಡೆ ನೇಮಕಗೊಂಡವರ ಪ್ರಮಾಣಪತ್ರಗಳನ್ನೂ ಕೇಳಿ ನೋಡಿದೆ. ವೈಯಕ್ತಿಕ ಮಾಹಿತಿ ಎಂದು ಎರಡು ಕಚೇರಿಗಳು ನಿರಾಕರಿಸಿದವು, ಒಂದು ಕೊಟ್ಟಿತು. ಅದನ್ನು ಬಳಸಲಿಲ್ಲ, ಅವರನ್ನು ನೇಮಿಸಿದ್ದೇ ತಪ್ಪು ಎಂದು ಸರ್ಕಾರ ಹೇಳಿಬಿಟ್ಟರೆ ಆ ವಾದ ಅಲ್ಲಿಗೇ ನಿಲ್ಲುತ್ತದೆ.

ಉತ್ತರ ಲಗತ್ತಿಸಿ ಇಲಾಖೆಗೆ ಮನವಿ ಕೊಟ್ಟು, ಅದನ್ನೂ ತಿರಸ್ಕರಿಸಿದ ಎರಡನೇ ಹಿಂಬರಹ ಕೈಗೆ ಬಂದ ಮೇಲೆಯೇ ಕೆಎಟಿ ಇರುವ ಕಂದಾಯ ಭವನದ ಮೆಟ್ಟಿಲು ಹತ್ತಿದೆ. ಅರ್ಜಿ ಒಂಬತ್ತು ಪುಟ. ಅವರದೇ ಪ್ರವರ್ಗದಲ್ಲಿ ಕೊನೆಯದಾಗಿ ಆಯ್ಕೆಯಾದವರನ್ನು ಪ್ರತಿವಾದಿ ಮಾಡಿದೆ. ಮಧ್ಯಂತರವಾಗಿ ಕೇಳಿದ್ದು ಇಡೀ ಪಟ್ಟಿಗೆ ತಡೆಯಲ್ಲ, ಒಂದೇ ಒಂದು ಹುದ್ದೆ ಖಾಲಿ ಇರಲಿ ಎಂದು. ಹಿಂದೆ ಪಟ್ಟಿಗೇ ತಡೆ ಕೇಳಿ ಎರಡು ಸಲ ಬೈಸಿಕೊಂಡಿದ್ದೆ; ಈ ಸಲ ಎರಡನೇ ವಿಚಾರಣೆಯಲ್ಲೇ ಆದೇಶವಾಯಿತು.

ಖರ್ಚಿನ ವಿಷಯ. ಜೆರಾಕ್ಸ್, ಅಂಚೆ, ಓಡಾಟ ಸೇರಿ ಆರೇಳು ಸಾವಿರವಾಗಿರಬೇಕು. ನನ್ನ ಶುಲ್ಕ ಇಪ್ಪತ್ತೈದು ಸಾವಿರವೆಂದು ಮಾತಾಗಿ ಹದಿನೈದು ಬಂತು, ಉಳಿದದ್ದು ಅವರ ಮೊದಲ ಸಂಬಳದಲ್ಲಿ ಬಂತು. ಎಂದೂ ಅದನ್ನು ಕೇಳಿರಲಿಲ್ಲ.

ಒಂದೂವರೆ ವರ್ಷದ ಮೇಲೆ, ಎಂಟು ವಾರದೊಳಗೆ ಪರಿಗಣಿಸಬೇಕೆಂಬ ಆದೇಶ ಬಂತು. ಇಲಾಖೆ ಹದಿನಾಲ್ಕು ವಾರ ಸುಮ್ಮನಿತ್ತು. ನ್ಯಾಯಾಂಗ ನಿಂದನೆಯ ನೋಟಿಸು ಹೋದ ವಾರದಲ್ಲಿ ನೇಮಕಾತಿ ಪತ್ರ ಹೊರಟಿತು. ನನ್ನ ಹಿರಿಯರು ಆ ಆದೇಶದ ಪ್ರತಿಯನ್ನು ತಮ್ಮ ಇನ್ನೊಂದು ಕಡತಕ್ಕೆಂದು ಕೇಳಿ ಪಡೆದರು. ಜ್ಯೇಷ್ಠತೆಯನ್ನು ಮೂಲ ಆಯ್ಕೆಪಟ್ಟಿಯ ದಿನದಿಂದ ಕೊಡಿ ಎಂಬ ಮನವಿಯನ್ನು ಹೋದ ತಿಂಗಳು ಕಳುಹಿಸಿದ್ದೇವೆ. ಅದಕ್ಕೂ ಹಿಂಬರಹ ಬರಲೆಂದೇ ಕಾಯುತ್ತಿದ್ದೇನೆ.