ಆಷಾಢದ ಮಳೆಯಲ್ಲಿ ಕನಸಿನ ಹರಳು ಬೆಳೆಸಿದ ನನ್ನ ಅನುಭವ

ಡಬ್ಬಿಯೊಳಗಿನ ಉಪ್ಪೇ ನೀರಾಗುವ ಆಷಾಢದಲ್ಲಿ, ಅದೂ ಆಗುಂಬೆಯ ಸೀಮೆಯಲ್ಲಿ, ಅಂಗೈಯಗಲದ ಹರಳು ಬೆಳೆಸುತ್ತೇನೆಂದು ಹೇಳಿದಾಗ ನಮ್ಮ ಹವ್ಯಾಸಿ ನಾಟಕ ತಂಡದಲ್ಲಿ ನಂಬಿದವರು ಒಬ್ಬರೂ ಇರಲಿಲ್ಲ. ಮೈಲುತುತ್ತದಿಂದ, ಅಂದರೆ ಕಾಪರ್ ಸಲ್ಫೇಟ್ ಎಂಬ ತಾಮ್ರದ ನೀಲಿ ಉಪ್ಪಿನಿಂದ, ಬೆಳೆಸಿದ ಆ ಹರಳು ಈಗ ಅರ್ಧ ಕಿಲೋದ ಆಸುಪಾಸು ತೂಗುತ್ತದೆ ಮತ್ತು ಮಕ್ಕಳ ನಾಟಕದ ಹಲವು ಪ್ರಯೋಗಗಳನ್ನು ಮುಗಿಸಿದೆ. ರಂಗಪರಿಕರ ಮಾಡುವ ಬೇರೆಯವರೂ ಕೇಳುತ್ತಿರುವುದರಿಂದ ಬರೆಯುತ್ತಿದ್ದೇನೆ.

ನಾಟಕದ ಲೋಕದಲ್ಲಿ ಈ ಹರಳನ್ನು ದಿಂಬಿನಡಿ ಇಟ್ಟುಕೊಂಡವರಿಗೆ ಕನಸು ಬೀಳುತ್ತದೆ. ಅಲ್ಲಿನ ವೈದ್ಯರು ನಿದ್ದೆಗೆಟ್ಟವರಿಗೆ ಅದನ್ನು ರಾತ್ರಿಗಿಷ್ಟೆಂದು ಬಾಡಿಗೆಗೆ ಕೊಡುತ್ತಾರೆ. ಗೂಢಚಾರರು ಶತ್ರುವಿನ ಹಾಸಿಗೆಯಡಿ ಅಡಗಿಸಿಟ್ಟು, ಬೆಳಗಾಗುವ ಮುನ್ನ ಕದ್ದು ತಂದು, ಅವನು ಕಂಡ ಕನಸನ್ನು ತಾವು ಕಾಣುತ್ತಾರೆ. ಪ್ರತಿ ಕನಸಿಗೂ ಬಣ್ಣ ಇಳಿಯುತ್ತ ಹರಳು ಕೊನೆಗೆ ಬಿಳಿಚಿಕೊಳ್ಳುತ್ತದೆ, ಕಣ್ಣೀರು ಬಿದ್ದರೆ ಮತ್ತೆ ನೀಲಿಯಾಗುತ್ತದೆ. ಈ ಕೊನೆಯ ನಿಯಮವನ್ನು ನಾಟಕ ಬರೆದವರ ತಲೆಗೆ ಹಾಕಿದವನು ನಾನು. ಮೈಲುತುತ್ತದ ಗುಣವೇ ಅದಾಗಿರುವಾಗ ಬಿಡುವುದು ಹೇಗೆ?

ಮೈಲುತುತ್ತಕ್ಕೆ ಬರುವ ಮೊದಲು ಹಣ ಸಾಕಷ್ಟು ಹೋಯಿತು. ರೆಸಿನ್ (ಎರೆದು ಗಟ್ಟಿಯಾಗಿಸುವ ಪ್ಲಾಸ್ಟಿಕ್ ದ್ರವ) ಮತ್ತು ಅಚ್ಚಿಗೆಂದು ಸುಮಾರು 2,000 ರೂಪಾಯಿ ಸುರಿದರೂ, ನಮ್ಮ ತೇವದ ಗಾಳಿಗೆ ಅದರ ಮೈ ಅಂಟಂಟಾಗಿಯೇ ಉಳಿಯಿತು, ಒಳಗೆಲ್ಲ ಗುಳ್ಳೆ. ಪಟಿಕದಲ್ಲಿ ಎಂಟು ಮುಖದ ಅಂದವಾದ ಹರಳು ಬಂತಾದರೂ, ಅಡುಗೆಯ ನೀಲಿ ಬಣ್ಣವನ್ನು ಎಷ್ಟು ಬೆರೆಸಿದರೂ ಅದು ಒಳಗೆ ಸೇರಿಸಿಕೊಳ್ಳಲಿಲ್ಲ. ನೀರು ಕಡುನೀಲಿ, ಹರಳು ಮಾತ್ರ ಗಾಜಿನಂತೆ ತಿಳಿ. ಕೊಳೆರೋಗಕ್ಕೆ ಬೋರ್ಡೋ (ಮೈಲುತುತ್ತ, ಸುಣ್ಣ ಬೆರೆಸಿದ ದ್ರಾವಣ) ಹೊಡೆಯುವ ಅಡಿಕೆಯ ಮನೆಯಲ್ಲಿ ಮೈಲುತುತ್ತದ ಚೀಲ ಹೇಗೂ ಇರುತ್ತದೆ, ಕಿಲೋಗೆ 250–300 ರೂಪಾಯಿ ಕೊಟ್ಟ ನೆನಪು.

ಏಪ್ರಿಲ್‌ನಲ್ಲಿ ಮಾಡಿದ್ದೆಲ್ಲ ಕೆಟ್ಟಿತು. ಹಗಲಿನ ಸೆಕೆಗೆ ಬೀಜದ ಹರಳು (ಬೆಳೆಸಲೆಂದು ದಾರಕ್ಕೆ ಕಟ್ಟಿದ ಪುಟ್ಟ ಹರಳು) ಕರಗಿ ದಾರದಿಂದ ಕಳಚಿ ಬೀಳುವುದು, ರಾತ್ರಿ ತಂಪಾದೊಡನೆ ತಳದಲ್ಲಿ ನೂರಾರು ಪುಡಿಹರಳು ಒಟ್ಟಿಗೆ ಏಳುವುದು, ಇಷ್ಟೇ ನಡೆಯಿತು. ಬಾವಿಯ ನೀರಿನಲ್ಲಿ ದ್ರಾವಣ ಕದಡಿತು. ಲವಣವಿಲ್ಲದ ಬ್ಯಾಟರಿ ನೀರಿಗೆ ಬದಲಾಯಿಸಿ, ಬ್ಯಾಟರಿ ಆಸಿಡ್ಡಿನ ಕೆಲವೇ ಹನಿ ಬಿಟ್ಟ ಮೇಲೆ ತಿಳಿಯಾಯಿತು. ಪಾತ್ರೆಯ ವಿಷಯವನ್ನು ತೋಟದವರಿಗೆ ಹೇಳಬೇಕಾಗಿಲ್ಲ: ಬೋರ್ಡೋದಲ್ಲಿ ಅದ್ದಿದ ಚಾಕುವಿಗೆ ತಾಮ್ರದ ಕೆಂಪು ಹತ್ತಿದರೆ ಸುಣ್ಣ ಸಾಲದೆಂದು ಅವರಿಗೆ ಗೊತ್ತು, ಇಲ್ಲಿ ಸುಣ್ಣವೇ ಇಲ್ಲದಿರುವುದರಿಂದ ಕಬ್ಬಿಣ, ಅಲ್ಯೂಮಿನಿಯಂ ಎರಡೂ ದೂರವಿರಬೇಕು.

ಆರಿದ್ರಾ ಮಳೆ ಹಿಡಿದ ಮೇಲೆ ಆಟ ಬದಲಾಯಿತು. ನೀರು ಆವಿಯಾಗಿ ಆರಿ ಹರಳು ಬೆಳೆಯುವ ಪದ್ಧತಿ ಆ ತೇವದಲ್ಲಿ ನಡೆಯುವುದಿಲ್ಲ ಎಂಬುದು ನಿಜ, ನನ್ನನ್ನು ಗೇಲಿ ಮಾಡಿದವರೂ ಅಷ್ಟನ್ನೇ ಹಿಡಿದುಕೊಂಡಿದ್ದರು. ಆದರೆ ಜಡಿಮಳೆಯಲ್ಲಿ ಹಗಲಿಗೂ ರಾತ್ರಿಗೂ ಉಷ್ಣತೆಯಲ್ಲಿ ಹೆಚ್ಚು ಅಂತರವಿಲ್ಲದ ಕಾರಣ, ಬೆಳೆದದ್ದು ಮತ್ತೆ ಕರಗುವುದಿಲ್ಲ. ಹಾಗಾಗಿ ಆರಿಸುವುದನ್ನು ಬಿಟ್ಟು ತಣಿಸುವುದರಿಂದಲೇ ಬೆಳೆಸಿದೆ. ನಮ್ಮ ಅಟ್ಟದ ಮಳೆಗಾಲದ ತಂಪಿನಲ್ಲಿ ಲೀಟರ್ ನೀರು ಸುಮಾರು 350 ಗ್ರಾಂ ಮೈಲುತುತ್ತವನ್ನು ಹಿಡಿದಿಟ್ಟುಕೊಳ್ಳುತ್ತದೆ. ಅದರ ಮೇಲೆ 30–40 ಗ್ರಾಂ ಹೆಚ್ಚಿಗೆ ಹಾಕಿ, ಬಿಸಿಮಾಡಿ ಕರಗಿಸಿ, ದಪ್ಪ ಬಟ್ಟೆಯಲ್ಲಿ ಸೋಸಿ, ಗಾಜಿನ ಭರಣಿಗೆ ಹಾಕಿ, ಭರಣಿಯನ್ನು ಭತ್ತದ ಹೊಟ್ಟು ತುಂಬಿದ ಪೆಟ್ಟಿಗೆಯಲ್ಲಿ ಹೂತಿಟ್ಟರೆ ಅದು ತಣಿಯಲು ಎರಡು ದಿನವಾದರೂ ಹಿಡಿಯುತ್ತದೆ. ದ್ರಾವಣ ಇನ್ನೂ ಕೈಗೆ ಉಗುರುಬೆಚ್ಚಗೆ ತಾಕುವಾಗ ಹರಳನ್ನು ಇಳಿಸಿದರೆ ಕರಗಿಹೋಗುತ್ತದೆ, ಪೂರ್ತಿ ತಣಿದ ಮೇಲೆ ಇಳಿಸಿದರೆ ಮೈಮೇಲೆ ಪುಡಿ ಕೂರುತ್ತದೆ. ನಡುವಿನ ಹೊತ್ತನ್ನು ಭರಣಿಯ ಗಾಜು ನೋಡಿಯೇ ತಿಳಿಯುವ ಉಪಾಯವೊಂದಿದೆ, ಅದನ್ನು ಸದ್ಯಕ್ಕೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ. ವಾರಕ್ಕೆರಡು ಸಲ ಹೀಗೆ ಮಾಡುತ್ತ ಬಂದಾಗ, ಮಘಾ ಮಳೆಯ ಹೊತ್ತಿಗೆ ಓರೆ ಇಟ್ಟಿಗೆಯ ಆಕಾರದ, ಅಂಚು ಕೈ ಕೊಯ್ಯುವಷ್ಟು ಚೂಪಾದ ಹರಳು ಸಿದ್ಧವಾಗಿತ್ತು.

ರಂಗದ ಮೇಲೆ ಅದು ಕಲ್ಲಿದ್ದಲಿನಂತೆ ಕಂಡಿತು. ಮೈಲುತುತ್ತ ಕೆಂಪು ಬೆಳಕನ್ನು ನುಂಗುವುದರಿಂದ ನಮ್ಮ ಹಳದಿ ದೀಪಗಳಲ್ಲಿ ದಪ್ಪ ಹರಳು ಕಪ್ಪಾಗಿಯೇ ಕಾಣುತ್ತದೆ. ತಣ್ಣನೆಯ ಬಿಳಿ ಎಲ್‌ಇಡಿಯನ್ನು ಹಿಂದಿನಿಂದ ಹಾಯಿಸಿದಾಗ ಮಾತ್ರ ಒಳಗಿನಿಂದ ಹೊತ್ತಿಕೊಂಡಂತೆ ನೀಲಿಯಾಯಿತು. ನಲವತ್ತು ರೂಪಾಯಿಯ ಆ ದೀಪ ನಟಿಯ ಕೈಯಲ್ಲಿ ಎಲ್ಲಿ ಅಡಗಿದೆಯೆಂದು ಎದುರು ಸಾಲಿನಲ್ಲಿ ಕುಳಿತವರಿಗೂ ಗೊತ್ತಾಗಿಲ್ಲ.

ಬಿಳಿಚುವ ದೃಶ್ಯಕ್ಕೆ ಬೇರೆ ಚಿಕ್ಕ ಹರಳುಗಳನ್ನು ಪಿಂಗಾಣಿಯ ಬಟ್ಟಲಿನಲ್ಲಿ ಕಾಯಿಸಿ ಒಳಗಿನ ನೀರನ್ನು ಓಡಿಸಿದೆ. 200 ಡಿಗ್ರಿ ದಾಟಿದಾಗ ಪೂರ್ತಿ ಬೆಳ್ಳಗಾಗುತ್ತದೆ, ಒಂದು ಹನಿ ನೀರು ಬಿದ್ದರೆ ಬಿಸಿಯೇರಿ ಕಣ್ಣೆದುರೇ ನೀಲಿಯಾಗುತ್ತದೆ. ಆದರೆ ಮೊದಲ ತಾಲೀಮಿನಲ್ಲಿ, ಕಣ್ಣೀರಿನ ದೃಶ್ಯ ಬರುವಷ್ಟರಲ್ಲಿ ಮಳೆಗಾಲದ ಗಾಳಿಯೇ ಅದಕ್ಕೆ ತಿಳಿನೀಲಿ ಬಳಿದಿತ್ತು. ಈಗ ಬಿಗಿ ಮುಚ್ಚಳದ ಬಾಟಲಿಯಲ್ಲಿ ತೇವ ಹೀರುವ ಸಿಲಿಕಾ ಜೆಲ್ ಪೊಟ್ಟಣಗಳೊಡನೆ ಇಟ್ಟು, ದೃಶ್ಯಕ್ಕೆ ಮೊದಲಷ್ಟೇ ತೆಗೆಯುತ್ತೇವೆ. ಬೇಗ ಕಾಯಿಸಿದರೆ ಪುಡಿಪುಡಿಯಾಗುತ್ತದೆ, ನಿಧಾನಕ್ಕೆ ಕಾಯಿಸಿದರೆ ಆಕಾರ ಉಳಿಯುತ್ತದೆ, ಆದರೂ ಬೆರಳು ಗಟ್ಟಿಯಾಗಿ ತಾಗಬಾರದು.

ಮೈಲುತುತ್ತ ವಿಷ, ಆದ್ದರಿಂದ ಮಕ್ಕಳ ಕೈಗೆ ಬರುವ ದೊಡ್ಡ ಹರಳಿಗೆ ವಾರ್ನಿಷ್ ಮೂರು ಸಲ ಬಳಿದಿದ್ದೇನೆ; ಬೇಸಿಗೆಯ ಒಣಗಾಳಿಗೆ ಮೈ ಬಿಳಿಚದಂತೆಯೂ ಅದು ತಡೆಯುತ್ತದೆ. ರಾಜಕುಮಾರ ಹರಳನ್ನು ಬಾಯಿಗೆ ಹಾಕಿಕೊಳ್ಳುವ ಘಟ್ಟದಲ್ಲಿ ಇರುವುದು ನೀಲಿ ಬಣ್ಣ ಸೇರಿಸಿ ನಾನೇ ಮಾಡಿದ ಕಲ್ಲುಸಕ್ಕರೆ. ಅದು ಚೆನ್ನಾಗಿಯೇ ಬಂತು, ಇರುವೆಗಳಿಗೂ ಹಿಡಿಸಿತು.

ಹರಳಿಗೆ, ದೀಪಕ್ಕೆ, ವಾರ್ನಿಷ್‌ಗೆ ಎಲ್ಲ ಸೇರಿ ಸಾವಿರದ ಒಳಗೇ ಮುಗಿದಿದೆ, ರೆಸಿನ್ನಿನ ಲೆಕ್ಕ ಬೇರೆ. ಉಳಿದ ನೀಲಿ ದ್ರಾವಣದಲ್ಲಿ ಎಷ್ಟು ಮೈಲುತುತ್ತ ಇದೆಯೆಂದು ಅಂದಾಜು ಗೊತ್ತಿದ್ದುದರಿಂದ ಅದನ್ನು ಚೆಲ್ಲಲಿಲ್ಲ. ನೂರು ಲೀಟರಿಗೆ ಕಿಲೋ ಮೈಲುತುತ್ತ, ಕಿಲೋ ಸುಣ್ಣದ ಲೆಕ್ಕಕ್ಕೆ ಹೊಂದಿಸಿ, ಚಾಕು ಅದ್ದಿ ನೋಡಿ, ಎರಡನೆಯ ಸುತ್ತಿನ ಬೋರ್ಡೋಗೆ ಸೇರಿಸಿ ಅಡಿಕೆಗೆ ಹೊಡೆಸಿದೆ.