ಅಪೀಲು ಹಾಕಿದ್ದಾರೆಂದು ಸುಮ್ಮನೆ ಕೂರಬೇಡಿ

ಹೈಕೋರ್ಟಿನಲ್ಲಿ ಪಿಂಚಣಿ ಕೇಸು ಗೆದ್ದವರು ಆದೇಶ ಹಿಡಿದು ಇಲಾಖೆಗೆ ಹೋದರೆ ಸಿಗುವ ಉತ್ತರ ಒಂದೇ: ‘ಅಪೀಲು ಹಾಕಿದ್ದೇವೆ, ತೀರ್ಮಾನವಾಗಲಿ.’ ಈ ಮಾತು ನಂಬಿ ಕಾದು, ಆದೇಶ ಪಾಲಿಸದ ಅಧಿಕಾರಿಯ ವಿರುದ್ಧ ಹಾಕುವ ನ್ಯಾಯಾಂಗ ನಿಂದನೆ ಅರ್ಜಿಯ ಅವಧಿಯನ್ನೇ ಕಳೆದುಕೊಂಡವರನ್ನು ಕಂಡು ಹೊಟ್ಟೆ ಉರಿದಿದೆ. ಅಪೀಲು ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 5ನೇ ನಿಯಮ ಇದನ್ನೇ ಹೇಳುತ್ತದೆ. ರಿಟ್ ಪ್ರಕರಣಗಳಲ್ಲೂ ತತ್ವ ಇದೇ.

ಮೊದಲು ದೃಢೀಕೃತ ನಕಲು ಪಡೆಯಿರಿ. ಮನವಿಯ ಜೊತೆ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ, ಟಪಾಲು ಶಾಖೆಯಲ್ಲೂ ಒಂದು ಪ್ರತಿ ಕೊಟ್ಟು ಮೊಹರು ಹಾಕಿಸಿಕೊಳ್ಳಿ. ವಾಟ್ಸ್‌ಆ್ಯಪ್‌ನ ನೀಲಿ ಗುರುತು ನೆಚ್ಚಬೇಡಿ. ‘ಪ್ರತಿ ತಲುಪಿದ ಮೂರು ತಿಂಗಳೊಳಗೆ’ ಎಂದು ಆದೇಶದಲ್ಲಿದ್ದರೆ ದಿನ ಎಣಿಸುವುದೇ ಆ ಮೊಹರಿನಿಂದ. ಅದು ಮುಗಿದೂ ಪಾಲನೆಯಾಗದಿದ್ದರೆ ನಿಂದನೆ ಅರ್ಜಿ ಹಾಕಲು ಅಲ್ಲಿಂದ ನಿಮಗಿರುವುದು ಒಂದು ವರ್ಷ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಕಲಂ ಹೇಳುವುದು ಇದನ್ನೇ.

ಮುಂದಿನದು ತಡೆಯಾಜ್ಞೆ ಇದೆಯೇ ಎಂದು ನೋಡುವುದು. ಜನ ಎಡವುವುದೇ ಇಲ್ಲಿ. ಹೈಕೋರ್ಟ್ ಜಾಲತಾಣದಲ್ಲಿ ಅಪೀಲಿನ ಸಂಖ್ಯೆ ಹಾಕಿ, ಪ್ರತಿ ವಾಯಿದೆಯ ಆದೇಶವನ್ನೂ ತೆರೆದು ಓದಿ. ‘ನೋಟಿಸ್ ಜಾರಿ’ ಎಂದರೆ ತಡೆಯಲ್ಲ. ‘ತಡೆ ಕೋರಿ ಅರ್ಜಿ ಸಲ್ಲಿಸಲಾಗಿದೆ’ ಎಂದರೂ ತಡೆಯಲ್ಲ. ವಿಳಂಬ ಮನ್ನಿಸುವ ಅರ್ಜಿಯೇ ಬಾಕಿಯಿದ್ದರೆ ಅಪೀಲು ಇನ್ನೂ ಹೊಸ್ತಿಲು ದಾಟಿಲ್ಲ. ತಡೆ ಸಿಕ್ಕಿದ್ದರೂ ಷರತ್ತು ನೋಡಿ: ಹಣ ಠೇವಣಿ ಇಡಲು ಹೇಳಿದೆಯೇ, ಇಟ್ಟಿದ್ದಾರೆಯೇ? ಪೂರ್ತಿ ತಡೆಯಿದ್ದರೆ ನಿಂದನೆ ಅರ್ಜಿ ಬೇಡ, ಅಪೀಲಿನಲ್ಲೇ ತೆರವು ಕೋರಿ.

ತಡೆ ಅರ್ಜಿ ತೀರ್ಮಾನವಾಗದೆ ಬಿದ್ದಿದ್ದರೆ? ನಿಂದನೆ ಅರ್ಜಿಗಿಂತ ಮೊದಲು ಅದು ಇತ್ಯರ್ಥವಾಗುವುದು ಸೂಕ್ತ ಎಂದು ಮಾಡರ್ನ್ ಫುಡ್ ಇಂಡಸ್ಟ್ರೀಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಾಗಾಗಿ ನಿಂದನೆ ಪೀಠ ವಾಯಿದೆ ಕೊಟ್ಟರೆ ಎದೆಗುಂದಬೇಡಿ. ಅಪೀಲಿಗೆ ಹಾಜರಾಗಿ, ತಡೆ ಅರ್ಜಿಯನ್ನು ಬೇಗ ಪಟ್ಟಿಗೆ ತರಲು ನೀವೇ ಮೆಮೊ (ಕಿರು ಮನವಿ) ಹಾಕಿಸಿ. ಎದುರು ಪಕ್ಷ ತಂದಾಗ ನೋಡೋಣ ಎನ್ನುವ ವಕೀಲರ ಮಾತು ಕೇಳಬೇಡಿ. ಅಪೀಲಿನ್ನೂ ದಾಖಲಾಗಿಲ್ಲದಿದ್ದರೆ ನಮ್ಮ ಮಾತು ಕೇಳದೆ ಆದೇಶ ಕೊಡಬೇಡಿ ಎಂಬ ಮುನ್ನೆಚ್ಚರಿಕೆ ಅರ್ಜಿಯನ್ನು, ಅಂದರೆ ಕೇವಿಯಟ್ ಅನ್ನು, ಇವತ್ತೇ ಹಾಕಿ. 90 ದಿನ ಚಾಲ್ತಿಯಲ್ಲಿರುತ್ತದೆ.

ನಂತರ ನಿಂದನೆ ಅರ್ಜಿ. ಹುದ್ದೆಯಷ್ಟೇ ಸಾಲದು, ಆ ಅವಧಿಯಲ್ಲಿ ಕುರ್ಚಿಯಲ್ಲಿದ್ದ ಅಧಿಕಾರಿಯ ಹೆಸರು ಬೇಕು. ಬೇಕೆಂದೇ ಪಾಲಿಸಿಲ್ಲ ಎಂಬುದಕ್ಕೆ ಮೊಹರಿನ ಪ್ರತಿ, ಇಲಾಖೆಯ ಹಿಂಬರಹ ಲಗತ್ತಿಸಿ. ಟೈಪಿಂಗ್ ಅಂಗಡಿಯ ಸಿದ್ಧ ನಮೂನೆ ಕೊಳ್ಳಬೇಡಿ. ತಡೆಯಾಜ್ಞೆ ಇಲ್ಲ ಎಂದು ಹೇಳುವ ಪ್ಯಾರಾವೇ ಇಲ್ಲದ ಅಂಥ ನಮೂನೆ ನೋಡಿದ್ದೇನೆ. ಅಂದಹಾಗೆ, ಬರೀ ಹಣದ ಡಿಕ್ರಿಯಾದರೆ ಡಿಕ್ರಿ ಜಾರಿ ಮಾಡಿಸುವ ಅಮಲ್ಜಾರಿ ಅರ್ಜಿಯೇ ದಾರಿ.

ನಿಂದನೆಗೆ ಶಿಕ್ಷೆ ಗರಿಷ್ಠ ಆರು ತಿಂಗಳ ಸಾದಾ ಸಜೆ, 2000 ರೂಪಾಯಿ ದಂಡ, ಅಥವಾ ಎರಡೂ. ಮನಸಾರೆ ಕ್ಷಮೆ ಕೇಳಿದರೆ ಬಿಡುಗಡೆಯೂ ಉಂಟು. ಜೈಲಿಗೆ ಹಟ ಹಿಡಿಯದೆ, ಆದೇಶ ಪಾಲಿಸಿದ್ದಕ್ಕೆ ಪ್ರಮಾಣಪತ್ರ (ಅಫಿಡವಿಟ್) ಕೇಳಿ. ‘ಅಪೀಲಿನ ಅಂತಿಮ ತೀರ್ಪಿಗೆ ಒಳಪಟ್ಟು’ ಎಂದು ಬರೆದು ಹಣ ಕೊಟ್ಟರೂ ಪಡೆಯಿರಿ. ಅಪೀಲು ಮುಗಿಯುವವರೆಗೆ ಅದರ ಲೆಕ್ಕ ಜೋಪಾನವಾಗಿಡಿ.